ಸುಬಾಂಗ್ ಜಯಾದಲ್ಲಿ ಕಟ್ಟಿದ ಚಳಿಗಾಲ

ಯುರೋಪಿನ ಕಲಾತ್ಮಕ ಚಿತ್ರಗಳಿಗೆ ಮನೆ, ಪರದೆ, ಪಾತ್ರೆಪಡಗಗಳನ್ನು ರೂಪಿಸುವ ಪ್ರೊಡಕ್ಷನ್ ಡಿಸೈನರ್ ನಾನು. ಅಕ್ಕನ ಪ್ರಕಾರ, "ಊರವರ ಮನೆಯೆಲ್ಲ ಜೋಡಿಸ್ತಾಳೆ, ಇವಳ ರೂಮು ಮಾತ್ರ ಹಂದಿಗೂಡು." ಆ ಸಲ ಮೊದಲ ಬಾರಿಗೆ ನಿರ್ಮಾಪಕಿಯೂ ಆಗಿದ್ದೆ. ಚಿತ್ರ ಮುಳುಗಿದರೆ ಜೊತೆಗೆ ನಾನೂ ಮುಳುಗುವವಳೇ.

ಒಂದು ವಾರ ಇದ್ದು ಹೋಗೋಣವೆಂದು ಸುಬಾಂಗ್ ಜಯಾದ ಅಕ್ಕನ ಫ್ಲ್ಯಾಟಿಗೆ ಬಂದವಳು ಲಾಕ್‌ಡೌನಿನಲ್ಲಿ ಸಿಕ್ಕಿಬಿದ್ದೆ. ಭಾವ ದೂರದ ಪೆನಾಂಗ್ ದ್ವೀಪದಲ್ಲಿ, ಬಯಾನ್ ಲೆಪಾಸಿನ ಕಾರ್ಖಾನೆಯಲ್ಲಿ ಇಂಜಿನಿಯರ್. ರಾಜ್ಯದ ಗಡಿಗಳು ಮುಚ್ಚಿ ಅಲ್ಲೇ ಉಳಿದರು. ನನ್ನ ಚಿತ್ರದ ಕೊನೆಯ ದೃಶ್ಯ ಬಾಕಿಯಿತ್ತು: ಉತ್ತರದ ಹಿಮದೇಶ, ಗಂಡನನ್ನು ಕಳೆದುಕೊಂಡ ಮುದುಕಿಯ ಅಡುಗೆಮನೆ. ಮೇಜಿನ ಮೇಲೆ ಎರಡು ತಟ್ಟೆ. ಅವಳದರಲ್ಲಿ ಬ್ರೆಡ್ಡು, ಅವನದು ಖಾಲಿ.

ನಿರ್ದೇಶಕ ಕರೆ ಮಾಡಿದ. ಅಲ್ಲಿನ ಸೆಟ್ಟಿಗೆ ಬೀಗ, ನಟಿ ಮನೆಯಿಂದ ಹೊರಡುವಂತಿಲ್ಲ. ಬರೀ ಮೇಜು ಸಾಕು, ನೀನಿರುವಲ್ಲೇ ಚಿತ್ರಿಸು ಎಂದ. ಚಿತ್ರೋತ್ಸವಕ್ಕೆ ಚಿತ್ರ ಕಳಿಸಲು ಭಾನುವಾರವೇ ಕೊನೆಯ ದಿನ. ಅದು ತಪ್ಪಿದರೆ ಜೊತೆಗೆ ಹಣ ಹಾಕಿದವರೆಲ್ಲ ಕೈಬಿಡುತ್ತಾರೆ.

ಈ ಸೆಕೆಯಲ್ಲಿ ಚಳಿಗಾಲ! ಹೆದರಬೇಕಿತ್ತು, ನನಗೋ ಹುಚ್ಚು ಖುಷಿ. ಊಟದ ಮೇಜನ್ನು ಕಿಟಕಿಗೆ ಎಳೆದೆ. ಎಪ್ಸಮ್ ಉಪ್ಪನ್ನು ಬಿಸಿನೀರಿನಲ್ಲಿ ಕರಗಿಸಿ ಗಾಜಿಗೆ ಬಳಿದೆ. ಒಣಗುತ್ತ ಒಣಗುತ್ತ ಹಿಮದ ಹರಳುಗಳು ಮೂಡಿದವು. ಅಲ್ಲಿನ ಕಪ್ಪು ಬ್ರೆಡ್ಡಿಗೆ ಏನು ಮಾಡುವುದು? ತಮಿಳರ ಅಂಗಡಿಯಿಂದ ತಂದ ರಾಗಿ ಹಿಟ್ಟಿಗೆ ಮೈದಾ ಬೆರೆಸಿ ಅಕ್ಕ ಬೇಯಿಸಿದಳು. ಮೊದಲನೆಯದು ಮುದ್ದೆಯೇ ಆಗಿ ಚಾಕುವಿಗೆ ಅಂಟಿಕೊಂಡಿತು, ಸಾರಿನ ಜೊತೆ ನುಂಗಿದೆವು. ಎರಡನೆಯದು ಕ್ಯಾಮೆರಾದಲ್ಲಿ ಅಪ್ಪಟ ಯುರೋಪು!

ಮಾತು ಕೇಳದ್ದು ಬಿಸಿಲೊಂದೇ. ಆದರೆ ಇಲ್ಲಿ ಮಧ್ಯಾಹ್ನದ ಮಳೆಗೆ ಮುಂಚೆ ಸ್ವಲ್ಪ ಹೊತ್ತು ಆಕಾಶ ಸೀಸದ ಬಣ್ಣಕ್ಕೆ ತಿರುಗುತ್ತದೆ. ಅದೇ ನನ್ನ ಡಿಸೆಂಬರ್. ಶನಿವಾರ ಮೋಡವೇ ಬರಲಿಲ್ಲ. ಭಾನುವಾರ ಮಧ್ಯಾಹ್ನ ಗುಡುಗಿತು. ಒಳಗೆ ಓಡಿ ಕ್ಯಾಮೆರಾ ತಂದೆ, ಗಾಜಿನ ಹಿಮದ ಮೇಲೇ ಕಣ್ಣಿಟ್ಟು ಉಸಿರು ಬಿಗಿಹಿಡಿದು ಚಿತ್ರಿಸಿದೆ. ಮುಗಿಯುವುದಕ್ಕೂ ಮಳೆ ಸುರಿಯುವುದಕ್ಕೂ ಸರಿಹೋಯಿತು. ಮತ್ತೆ ಓಡಿಸಿ ನೋಡಿದರೆ, ಗಂಡನ ತಟ್ಟೆಯಲ್ಲೂ ಬ್ರೆಡ್ಡು!

"ಅಕ್ಕಾ! ಯಾರು ಮುಟ್ಟಿದ್ದು ಇದನ್ನ?"

"ನಾನೇ. ನೀನು ಒಳಗೆ ಹೋದಾಗ ಇಟ್ಟೆ. ಊಟಕ್ಕೆ ಹಾಕಿದ ತಟ್ಟೆ ಖಾಲಿ ಬಿಡ್ತಾರೇನೆ? ಒಂದು ಚಿಟಿಕೆ ಉಪ್ಪಾದ್ರೂ ಬಡಿಸ್ಬೇಕು."

"ಅವನು ಸತ್ತಿದ್ದಾನೆ ಕಣೇ! ಸ್ಕ್ರಿಪ್ಟಲ್ಲಿ ಖಾಲಿ ಅಂತಿದೆ!"

"ಸತ್ರೆ ಗಂಡ ಅಲ್ವಾ? ನಿನ್ ಭಾವ ಅಲ್ಲಿ ಮಾಮಕ್ ಹೋಟ್ಲಿಂದ ತಪಾವ್ ಅಂತ ಕಟ್ಟಿಸ್ಕೊಂಡು ತಂದು ತಿಂತಿದಾರೆ. ಆದ್ರೂ ನಾನು ದಿನಾ ಅವ್ರ ತಟ್ಟೆಗೆ ಬಡಿಸಲ್ವಾ? ನೋಡಿಲ್ವಾ ನೀನು?"

ನೋಡದೆ ಏನು, ಆ ಅನ್ನವೇ ಮರುದಿನ ನನಗೆ ಚಿತ್ರಾನ್ನವಾಗಿ ಬರುತ್ತಿತ್ತು. ಕೋಪಕ್ಕೆ ಬಾಯಿಗೆ ಬಂದಂತೆ ಬೈದೆ. ಅಕ್ಕನೂ ಬಿಡಲಿಲ್ಲ. ಆ ಬೆಳಕು ಅವತ್ತು ಮತ್ತೆ ಬರುವಂತಿರಲಿಲ್ಲ. ಯುರೋಪಿನಲ್ಲಿ ಆಗಿನ್ನೂ ಬೆಳಿಗ್ಗೆ, ನಿರ್ದೇಶಕ ಕಾಯುತ್ತಿದ್ದ. ಇದ್ದದ್ದನ್ನೇ ಕಳಿಸಿದೆ. ಇಪ್ಪತ್ತು ವರ್ಷದ ಹೆಸರು ಒಂದು ತುಂಡು ರಾಗಿ ಬ್ರೆಡ್ಡಿಗೆ ಹೋಯಿತು ಎಂದುಕೊಂಡು ಫೋನಿನ ಮುಂದೆ ಕೂತೆ.

ಅವನ ಮುಖ ಪರದೆಯಲ್ಲಿ ಮೂಡಿತು. ಕಣ್ಣು ಕೆಂಪಾಗಿತ್ತು.

"ಇನ್ನೇನೂ ಚಿತ್ರಿಸಬೇಡ," ಎಂದ. "ಈ ಹೆಂಗಸು ನಾಳೆ ಬೆಳಿಗ್ಗೆ ಯಾಕೆ ಏಳುತ್ತಾಳೆ ಅಂತ ಕಥೆ ಬರೆದ ನನಗೇ ಗೊತ್ತಿರಲಿಲ್ಲ. ಈಗ ಗೊತ್ತಾಯಿತು. ಇವತ್ತೇ ಕಳಿಸುತ್ತೇನೆ."

ನಾನು ಕಿರುಚಿದ ರಭಸಕ್ಕೆ ಪಕ್ಕದ ಮನೆಯವರು ಬಾಗಿಲು ತೆರೆದು ನೋಡಿದರು. ಕುಣಿದೆ, ಅತ್ತೆ, ಅಕ್ಕನ ಕೆನ್ನೆ ಹಿಂಡಿದೆ.

"ಇಷ್ಟು ತಿಳ್ಕೊಳ್ಳೋಕೆ ಸಿನಿಮಾ ಮಾಡ್ಬೇಕಿತ್ತಾ ಲಾ ಆ ಮನುಷ್ಯ?" ಎಂದು ಇಲ್ಲಿನವರಂತೆ 'ಲಾ' ಎಳೆದು ನಕ್ಕು, ಅಕ್ಕ ಭಾವನಿಗೆ ಫೋನ್ ಮಾಡಿದಳು.

"ಇವಳ ಪಿಕ್ಚರ್ ಉಳೀತು ರೀ. ತಟ್ಟೆಗೆ ಬಡಿಸ್ದೆ ನೋಡಿ, ಅದ್ರಿಂದ..." ಎಂದವಳು ಫೋನನ್ನು ನನ್ನ ಕೈಗಿಟ್ಟು ಕಿಟಕಿಯ ಕಡೆ ತಿರುಗಿ ನಿಂತಳು.