ಬಯೋಡೇಟಾದಲ್ಲಿ ಕಡಿಮೆ ಮಾಡಿದ ಆರು ಇಂಚು

ತ್ರಿವೇಣಿ ನನ್ನ ದೊಡ್ಡವ್ವನ ಮಗಳು. ಅವಳು ಹೈದರಾಬಾದಿನಲ್ಲಿ ಮಾಡೆಲ್ ಆಗಿದ್ದಾಳೆಂದು ಕಮಲಾಪುರದಲ್ಲಿ ಎಲ್ಲರಿಗೂ ಗೊತ್ತು. ಹೇಗೆ ಆದಳೆಂಬುದನ್ನು ಮಾತ್ರ ಒಬ್ಬೊಬ್ಬರು ಒಂದೊಂದು ರೀತಿ ಹೇಳುತ್ತಾರೆ. ನನಗೆ ಗೊತ್ತಿರುವುದನ್ನು ನಾನು ಬರೆಯುತ್ತೇನೆ. ಅದರಲ್ಲಿ ನನ್ನದೂ ಒಂದು ತಪ್ಪಿದೆ. ಅದನ್ನು ಬಿಟ್ಟು ಬರೆದರೆ ಉಳಿದದ್ದೂ ಸುಳ್ಳಾಗುತ್ತದೆ.

ದೊಡ್ಡವ್ವ ಮಾನಮ್ಮ ಕಮಲಾಪುರದ ಹೆದ್ದಾರಿ ಪಕ್ಕ ಗಾಡಿ ಇಟ್ಟುಕೊಂಡು ಕೆಂಪು ಬಾಳೆಹಣ್ಣು ಮಾರುತ್ತಾಳೆ. ದೊಡ್ಡಪ್ಪ ಹಣಮಂತರಾಯ ಮಹಾಗಾಂವದಿಂದ ಕಲಬುರಗಿಗೆ ಟೆಂಪೊ ಓಡಿಸುತ್ತಾನೆ. ಇಬ್ಬರೂ ಸಾಧಾರಣ ಎತ್ತರದವರು. ತ್ರಿವೇಣಿ ಯಾರನ್ನು ಹೋಲುತ್ತಾಳೋ ತಿಳಿಯದು. ಏಳನೆಯ ತರಗತಿಯಲ್ಲೇ ಅವಳು ತನ್ನ ಟೀಚರಿಗಿಂತ ಎತ್ತರವಾಗಿದ್ದಳು. ಶಾಲೆಯ ಫೋಟೊಗಳಲ್ಲೆಲ್ಲ ಹುಡುಗರ ಸಾಲಿನ ಹಿಂದೆ, ಮೊಣಕಾಲು ಮಡಚಿ ನಿಂತಿದ್ದಾಳೆ. ಹದಿನೇಳಕ್ಕೆ ಬರುವ ಹೊತ್ತಿಗೆ ಐದು ಅಡಿ ಹತ್ತು ಇಂಚು.

"ಮಾನಮ್ಮ, ತ್ವಾಟಕ್ಕ ಏಣಿ ಯಾಕ ಒಯ್ತಿ? ಮಗಳಿಗಿ ಹೇಳು, ನಿಂತಲ್ಲೇ ಗೊನಿ ಕಡದು ಕೊಡ್ತಾಳ" ಎಂದು ಪಕ್ಕದ ಗಾಡಿಯವರು ನಗುತ್ತಿದ್ದರು. ದೊಡ್ಡವ್ವನೂ ಅವರ ಜೊತೆ ನಕ್ಕುಬಿಡುತ್ತಿದ್ದಳು. ಮನೆಗೆ ಬಂದ ಮೇಲೆ ಆ ನಗುವನ್ನೆಲ್ಲ ಮಗಳ ಮೇಲೆ ತೀರಿಸಿಕೊಳ್ಳುತ್ತಿದ್ದಳು.

"ಬಗ್ಗಿ ನಡಿ. ಯಾವ ಮನಿ ಹೊಕ್ಕರೂ ಚೌಕಟ್ಟಿಗಿ ತಲಿ ಬಡೀತದ. ನಿನಗ ಗಂಡ ಎಲ್ಲಿಂದ ತರ್ಲಿ?"

ದೊಡ್ಡವ್ವ ಕೆಟ್ಟವಳಲ್ಲ. ಮಗಳಿಗೆ ಎಲ್ಲಿ ಏನು ಕಡಿಮೆಯಾಗುತ್ತದೋ ಎಂಬ ಭಯದವಳು. ಆ ಭಯ ಎಂಥದ್ದು ಎಂಬುದು ನನಗೂ ಕೂಸು ಹುಟ್ಟಿದ ಮೇಲೆ ಗೊತ್ತಾಗಿದೆ. ಆದರೆ ದಿನಾ ಬಗ್ಗಿ ಬಗ್ಗಿ ತ್ರಿವೇಣಿಯ ಭುಜಗಳು ಮುಂದಕ್ಕೆ ಬಾಗಿದವು. ಹದಿನೆಂಟಕ್ಕೇ ಅವಳಿಗೆ ಬೆನ್ನುನೋವು.

ಬಿ.ಕಾಂ. ಓದಲು ಅವಳು ಕಲಬುರಗಿಗೆ ಬಂದು ನಮ್ಮ ಮನೆಯಲ್ಲಿ ಉಳಿದಳು. ಶರಣಬಸವೇಶ್ವರ ದೇವಸ್ಥಾನದ ಹತ್ತಿರ ಕಾಲೇಜು. ಐದೂವರೆಗೆ ಬರಬೇಕಾದವಳು ಐದು ನಲವತ್ತಾದರೂ ಬರದಿದ್ದರೆ ನಾನು ಫೋನು ಹಿಡಿದು ಗೇಟಿನಲ್ಲಿ ನಿಂತಿರುತ್ತಿದ್ದೆ. ನಮ್ಮ ಯಜಮಾನರು ಬೈಯುತ್ತಿದ್ದರು: "ಆಕಿ ಸಣ್ಣ ಹುಡುಗಿ ಏನು? ದೂರದಿಂದಲೇ ಕಾಣಸ್ತಾಳ, ಹೆದರಬ್ಯಾಡ."

ಒಂದು ದಿನ ಕುಪ್ಪಸ ಹೊಲಿಸಲು ನಾನು ಅವಳನ್ನೂ ಕರೆದುಕೊಂಡು ರೋಜಾ ಬಡಾವಣೆಯ ಕಡೆಗೆ ಹೋದೆ. ಅಲ್ಲಿನ ಒಂದು ಓಣಿಯಲ್ಲಿ ಗೌಸಿಯಾ ಆಪಾ ಮದುವಣಗಿತ್ತಿಯರ ಬಟ್ಟೆ ಹೊಲಿಯುತ್ತಾರೆ. ಖಡಾ ದುಪಟ್ಟಾ ಎಂದು ಆರು ಗಜದ ಉದ್ದನೆಯ ಮದುವೆ ದುಪಟ್ಟಾ ಇರುತ್ತದಲ್ಲ, ಅದಕ್ಕೆ ಅವರ ಕೈ ಹೆಸರಾದದ್ದು. ಅವರು ಮಷೀನಿನಿಂದ ತಲೆ ಎತ್ತಿ ತ್ರಿವೇಣಿಯನ್ನು ನೋಡಿದವರೇ ಪೆಡಲಿನಿಂದ ಕಾಲು ತೆಗೆದರು, ಮಷೀನು ನಿಂತಿತು.

"ಅರೇ ಬಾಪ್ ರೇ. ಇಕಿ ಖರೇನೇ ನಿಮ್ಮ ತಂಗೀನೇನ್ರಿ? ನೀವು ನೋಡಿದ್ರ ಇಷ್ಟೇ ಅದೀರಿ!"

"ದೊಡ್ಡವ್ವನ ಮಗಳ್ರಿ."

"ಒಂದ ಫೋಟೊ ತಗೋತೀನಮ್ಮಾ, ಬಸ್. ಬೊಂಬಿಗಿ ಉಡಿಸಿದ್ರ ನನ್ನ ದುಪಟ್ಟಾ ನೆಲಾ ಒರಸ್ತದ. ನಿನ್ನ ಮ್ಯಾಲ ಚಂದ ಕುಂದರ್ತದ."

ತ್ರಿವೇಣಿ ನನ್ನ ಮುಖ ನೋಡಿದಳು. ನಾನು ಬೇಡ ಎನ್ನಬೇಕೆಂದಿದ್ದೆ. ಅಷ್ಟರಲ್ಲಿ ಆಪಾ ಅವಳನ್ನು ಗೋಡೆಗೆ ಒಯ್ದು ನಿಲ್ಲಿಸಿಯಾಗಿತ್ತು.

"ಹಿಮ್ಮಡಿ, ಬೆನ್ನು, ತಲಿ, ಮೂರೂ ಗೋಡಿಗಿ ಹತ್ತಬೇಕು. ಹಾಂ. ಈಗ ಗೋಡಿ ಬಿಟ್ಟು ಬಾ. ಗೋಡಿ ಬೆನ್ನಿಗೇ ಅದ ಅಂತ ತಿಳ್ಕೊ."

ಅವಳು ನೆಟ್ಟಗೆ ನಿಂತಳು. ಇಷ್ಟು ವರ್ಷ ಜೊತೆಗಿದ್ದವಳ ಮುಖ ನೋಡಲು ನಾನು ಅಂದು ಮೊದಲ ಸಲ ಕತ್ತು ಎತ್ತಬೇಕಾಯಿತು.

ಆ ಫೋಟೊ ಆಪಾ ಅವರ ವಾಟ್ಸಾಪ್ ಸ್ಟೇಟಸ್ಸಿನಿಂದ ಎಲ್ಲೆಲ್ಲಿಗೆ ಹೋಯಿತೋ. ಒಬ್ಬರು ಸೀರೆ ಅಂಗಡಿಯವರು ಕರೆದರು, ಆಮೇಲೆ ಇನ್ನೊಬ್ಬರು. ಮೇಕಪ್ ಕಲಿಸುವ ಪಾರ್ಲರಿನಲ್ಲಿ ಐದೈದು ತಾಸು ಮದುಮಗಳಾಗಿ ಕುಳಿತಳು. ಕಾಲೇಜು ಮುಗಿಸಿ ಸಂಜೆ ಒಂದು ಅಂಗಡಿಯ ಫೇಸ್‌ಬುಕ್ ಲೈವಿನಲ್ಲಿ ತಾಸಿಗೆ ಇಪ್ಪತ್ತು ಸೀರೆ ಮೈಮೇಲೆ ಹಾಕಿ ತೋರಿಸುತ್ತಿದ್ದಳು. ಅದೇ ವರ್ಷ ಒಂದು ಫಂಕ್ಷನ್ ಹಾಲಿನಲ್ಲಿ ಫ್ಯಾಶನ್ ಶೋ ನಡೆಯಿತು. ಎಲ್ಲರಿಗಿಂತ ಕೊನೆಯಲ್ಲಿ ಬರುವ ಮುಖ್ಯ ಉಡುಪು ಅವಳಿಗೇ ಸಿಕ್ಕಿತು. ನಾನು ಏಳು ತಿಂಗಳ ಬಸುರಿ, ಮೊದಲ ಸಾಲಿನಲ್ಲಿ ಕುಳಿತು, ಆ ಹಿಮ್ಮಡಿ ಎತ್ತರದ ಚಪ್ಪಲಿಯಲ್ಲಿ ಎಲ್ಲಿ ಬೀಳುತ್ತಾಳೋ ಎಂದು ಕಣ್ಣು ಮುಚ್ಚಿಕೊಂಡಿದ್ದೆ. ಅವಳು ನಡೆದದ್ದನ್ನು ಆಮೇಲೆ ವಿಡಿಯೊದಲ್ಲಿ ನೋಡಿದೆ.

ಊರಿಗೆ ಮಾತ್ರ ಇದೇನೂ ಗೊತ್ತಿರಲಿಲ್ಲ. ಅಂಗಡಿಯಲ್ಲಿ ಪಾರ್ಟ್‌ಟೈಮ್ ಕೆಲಸ ಎಂದು ಹೇಳಿದ್ದೆವು. ಗೊತ್ತಾದದ್ದು ದೊಡ್ಡಪ್ಪನಿಗೆ, ರಿಂಗ್ ರೋಡಿನಲ್ಲಿ. ಟೆಂಪೊ ತುಂಬ ಜನರನ್ನು ಕೂಡಿಸಿಕೊಂಡು ಬರುತ್ತಿದ್ದವನು ಸೀರೆ ಅಂಗಡಿಯ ಹೊಸ ಫ್ಲೆಕ್ಸಿನ ಮುಂದೆ ಬ್ರೇಕು ಹಾಕಿ ನಿಂತುಬಿಟ್ಟನಂತೆ. ಅಲ್ಲಿಂದಲೇ ನನಗೆ ಫೋನು ಮಾಡಿದ.

"ಯವ್ವಾ, ನಮ್ಮ ತ್ರಿವೇಣಿ ಇಲ್ಲಿ ನಿಂತಾಳ. ಎರಡ ಮಾಳಿಗಿ ಎತ್ತರ ನಿಂತಾಳ."

ಹಿಂದಿನಿಂದ ಯಾರೋ, "ಹಣಮಂತರಾಯಾ, ಗಾಡಿ ಹೊಡೀತಿಯೋ, ನಾವು ಇಳದು ನಡೀಬೇಕೋ?" ಎಂದು ಕೂಗುವುದು ಕೇಳುತ್ತಿತ್ತು.

ದೊಡ್ಡಪ್ಪ ಬೈಯಲಿಲ್ಲ. ದೊಡ್ಡವ್ವ ಕೂಡ ಬೈಯಲಿಲ್ಲ. ಆ ವಾರವೇ ನಮ್ಮ ಮನೆಗೆ ಬಂದು, ಬಾಣಂತಿಯಾಗಿದ್ದ ನನ್ನ ಪಕ್ಕ ಕುಳಿತು, "ಇಕಿದೊಂದು ಬಯೋಡೇಟಾ ಮಾಡಿ ಕೊಡವ್ವ" ಎಂದಳು. ನಾನು ಫೋನಿನಲ್ಲೇ ಟೈಪ್ ಮಾಡಿದೆ. ಹುಟ್ಟಿದ ದಿನ, ಓದು, ಬಣ್ಣ. ಎತ್ತರಕ್ಕೆ ಬಂದಾಗ ಕೈ ನಿಂತಿತು.

"ಐದು ನಾಲ್ಕು ಹಾಕು."

"ದೊಡ್ಡವ್ವಾ, ಹತ್ತು ಅದಾಳಲ್ಲ."

"ನೋಡಾಕ ಬಂದಾಗ ಮೊದಲೇ ಚಾಪಿ ಮ್ಯಾಲ ಕುಂದರಸ್ತೀನಿ. ಕುಂತಾಗ ಯಾರಿಗಿ ಗೊತ್ತಾಗ್ತದ? ಒಮ್ಮೆ ಮನಸಿಗಿ ಬಂದ ಮ್ಯಾಲ ಇಂಚು ಯಾರು ಕೇಳ್ತಾರ?"

ನಾನು ನಾಲ್ಕು ಎಂದೇ ಹಾಕಿದೆ.

ನನ್ನ ಕೂಸಿಗೆ ಆರು ತಿಂಗಳಾದಾಗ ಮೊದಲು ಬಂದವರು ಮಹಾಗಾಂವದವರು. ಹುಡುಗ ಯಾವುದೋ ಆಫೀಸಿನಲ್ಲಿ ಗುಮಾಸ್ತ. ತ್ರಿವೇಣಿಯನ್ನು ಮೊದಲೇ ಚಾಪೆಯ ಮೇಲೆ ಕೂಡಿಸಿ, ಚಹಾ ನಾನೇ ತಂದುಕೊಟ್ಟೆ. ಎಲ್ಲ ಸರಿಯಾಗಿಯೇ ನಡೆಯುತ್ತಿತ್ತು. ಆದರೆ ಹುಡುಗನ ಸೋದರತ್ತೆ ಕಪ್ಪು ಕೆಳಗಿಟ್ಟು, "ಒಂದೀಟು ನಡದು ತೋರಸವ್ವ. ಕಾಲಾಗ ಏನರ ಇದ್ರ ಆಮ್ಯಾಲ ಮಾತು ಬ್ಯಾಡ" ಎಂದಳು. ನಮ್ಮ ಕಡೆ ಕನ್ಯೆ ನೋಡಲು ಬಂದವರು ಇದನ್ನು ಕೇಳೇ ಕೇಳುತ್ತಾರೆ. ದೊಡ್ಡವ್ವನಿಗೆ ಇದು ಹೇಗೆ ಮರೆತುಹೋಗಿತ್ತೋ!

"ಬಾಗಿಲ ತನಾ ಹೋಗಿ ಬಾ," ಎಂದು ಹೇಳಿ ದೊಡ್ಡವ್ವ ಮಗಳಿಗೆ ಬಗ್ಗು ಎಂದು ಕಣ್ಣಿನಲ್ಲೇ ಸನ್ನೆ ಮಾಡಿದಳು.

ತ್ರಿವೇಣಿ ಎದ್ದಳು. ಬಗ್ಗಲಿಲ್ಲ. ಬಾಗಿಲ ತನಕ ನಡೆದಳು, ತಿರುಗಿ ಒಂದು ಗಳಿಗೆ ನಿಂತಳು, ಮತ್ತೆ ಬಂದಳು. ಹುಡುಗ ಬಾಯಿ ತೆರೆದು ಅವಳನ್ನೇ ನೋಡುತ್ತಿದ್ದ.

"ಯವ್ವಾ, ಇದು ಐದು ನಾಲ್ಕೇನು?" ಅತ್ತೆ ಎದ್ದೇ ನಿಂತಳು. "ನಮ್ಮ ಹುಡುಗ ಐದು ಐದು ಅದಾನ, ಇಕಿ ಕಿವೀಗೂ ಬರೂದಿಲ್ಲಲ್ಲ! ಇನ್ನೇನೇನು ಕಡಿಮಿ ಮಾಡಿ ಬರದೀರಿ?"

ಅವರು ಹೋದ ಮೇಲೆ ದೊಡ್ಡವ್ವ ಹದಿನೈದು ದಿನ ಮಗಳೊಂದಿಗೆ ಮಾತಾಡಲಿಲ್ಲ. ಮಾತಾಡಿದ್ದು ಇನ್ನೊಂದು ಸಂಬಂಧ ತಂದಾಗ. ಹುಮನಾಬಾದಿನವರು. ನಲವತ್ತು ವರ್ಷದವನು, ಹೆಂಡತಿ ತೀರಿಕೊಂಡಿದ್ದಾಳೆ, ಎರಡು ಮಕ್ಕಳು. ಆರು ಅಡಿಯ ಆಳು.

"ಎತ್ತರಕ್ಕ ಎತ್ತರ ಕೂಡ್ತದ," ಎಂದಳು ದೊಡ್ಡವ್ವ. ವಯಸ್ಸಿನ ಮಾತೇ ಎತ್ತಲಿಲ್ಲ.

ಅದೇ ವಾರ ಝಹೀರ್ ಫೋನು ಮಾಡಿದ. ಫಂಕ್ಷನ್ ಹಾಲಿನ ಶೋದಲ್ಲಿ ಫೋಟೊ ತೆಗೆದವನು ಅವನು, ಈಗ ಹೈದರಾಬಾದಿನಲ್ಲಿ ಕೆಲಸ. ಅಲ್ಲಿ ಮದುವೆ ಉಡುಪಿನ ಒಂದು ಕಂಪನಿ ಹತ್ತು ಹುಡುಗಿಯರನ್ನು ಒಂದು ವರ್ಷಕ್ಕೆ ಆರಿಸುತ್ತದೆ, ಭಾನುವಾರದೊಳಗೆ ಫಾರ್ಮ್ ತುಂಬಬೇಕು ಎಂದ. ತ್ರಿವೇಣಿ ಊರಿಗೆ ಹೋಗಿ ತಾಯಿಯ ಮುಂದೆ ಕುಳಿತಳು. ಅರ್ಧ ದಿನ ವಾದವಾಯಿತು. ಕೊನೆಗೆ ದೊಡ್ಡವ್ವ ಹೇಳಿದ್ದು ಇಷ್ಟು:

"ಇದೊಂದ ಸಲ ಹೋಗು. ತಗೊಂಡ್ರ ನಾ ಬಾಯಿ ಮುಚ್ಕೋತೀನಿ. ತಗೊಳ್ಳಿಲ್ಲಂದ್ರ ಹುಮನಾಬಾದಿನವರಿಗಿ ಹೂಂ ಅಂತೀನಿ. ಆಮ್ಯಾಲ ಅಳಬಾರದು."

ತ್ರಿವೇಣಿ ಒಪ್ಪಿದಳು.

ಫಾರ್ಮ್ ತುಂಬಿದವಳು ನಾನು. ಅವಳಿಗೆ ಶನಿವಾರ ಬಿ.ಕಾಂ. ಕೊನೆಯ ಪರೀಕ್ಷೆ ಇತ್ತು. "ಅಕ್ಕಾ, ನಿನ್ನ ಇಂಗ್ಲಿಷ್ ಛಲೋ ಅದ, ನೀನೇ ತುಂಬು" ಎಂದು ಫೋಟೊಗಳನ್ನು ನನ್ನ ಫೋನಿಗೆ ಕಳಿಸಿದಳು. ಅವತ್ತು ನನ್ನ ಕೂಸಿಗೆ ನೂರಾ ಎರಡು ಜ್ವರ. ಭುಜದ ಮೇಲೆ ಅದು ಅಳುತ್ತಿದೆ, ನಾನು ಒಂದು ಕೈಯಲ್ಲಿ ಬಯೋಡೇಟಾ ತೆರೆದು ಒಂದೊಂದೇ ಸಾಲನ್ನು ನೋಡಿ ಫಾರ್ಮಿಗೆ ಇಳಿಸುತ್ತಿದ್ದೇನೆ. ಹುಟ್ಟಿದ ದಿನ, ಓದು, ಬಣ್ಣ, ಎತ್ತರ. ಕಳಿಸಿಬಿಟ್ಟೆ.

ಸೋಮವಾರ ಉತ್ತರ ಬಂತು, ನನ್ನ ಇಮೇಲಿಗೇ. ಕನಿಷ್ಠ ಎತ್ತರ ಐದು ಅಡಿ ಎಂಟು ಇಂಚು, ನೀವು ಐದು ನಾಲ್ಕು ಇರುವುದರಿಂದ ಕರೆಯಲು ಸಾಧ್ಯವಿಲ್ಲ, ಕ್ಷಮಿಸಿ.

ನಾಲ್ಕು ಸಲ ಓದಿದೆ. ಬಯೋಡೇಟಾ ತೆರೆದು ನೋಡಿದೆ, ಅಲ್ಲಿಯೂ ಅದೇ ಐದು ನಾಲ್ಕು. ಅವಳು ಅಡುಗೆ ಮನೆಯಲ್ಲಿ ನನ್ನ ಕೂಸಿಗೆ ಗಂಜಿ ಆರಿಸುತ್ತಿದ್ದಳು. ಹೇಳಲಿಲ್ಲ. ಕಂಪನಿಗೆ ತಪ್ಪಾಗಿದೆ ಎಂದು ಎರಡು ಇಮೇಲ್ ಬರೆದೆ, ಯಾರೂ ಉತ್ತರಿಸಲಿಲ್ಲ. ಮಂಗಳವಾರವೂ ಹೇಳಲಿಲ್ಲ. ಕೂಸಿನ ಜ್ವರ ಇಳಿಯಲಿ, ಆಮೇಲೆ ಹೇಳೋಣ ಎಂದುಕೊಂಡೆ. ಖರೇ ಹೇಳಬೇಕೆಂದರೆ ಹೆದರಿದ್ದೆ. ಆಯ್ಕೆ ಇದ್ದದ್ದು ಶುಕ್ರವಾರ. ಬುಧವಾರ ಬೆಳಿಗ್ಗೆ ಅವಳೇ, "ಅಕ್ಕಾ, ಉತ್ತರ ಬಂತೇನು?" ಎಂದಾಗ ಫೋನನ್ನು ಅವಳ ಕೈಗೆ ಕೊಟ್ಟೆ.

ಓದಿದಳು. ಅಳುತ್ತಾಳೆ ಎಂದುಕೊಂಡಿದ್ದೆ, ಅಳಲಿಲ್ಲ.

"ಇಷ್ಟ ವರ್ಷ ಅವ್ವ ಒಬ್ಬಾಕೀನೇ ನನ್ನ ಗಿಡ್ಡ ಮಾಡ್ತಾಳಂತ ತಿಳದಿದ್ದೆ," ಎಂದಳು.

ನಾನು ಫೋನು ತೆಗೆದುಕೊಂಡು ನಂಬರು ಹುಡುಕತೊಡಗಿದೆ.

ಝಹೀರನಿಗೆ ಫೋನು ಮಾಡಿದೆವು. "ಲಿಸ್ಟ್ ಬಂದ್ ಆಗ್ಯದ ದೀದಿ. ಶುಕ್ರವಾರ ಬಂದು ಗೇಟಿನ್ಯಾಗ ನಿಂದ್ರಲಿ. ಒಳಗ ಬಿಡ್ತಾರಂತ ನಾ ಹೇಳಾಂಗಿಲ್ಲ. ಸುಳ್ಳ ಬರದವರನ್ನ ಕಂಡ್ರ ಅವರಿಗಿ ಆಗೂದಿಲ್ಲ."

ಜೊತೆಗೆ ಯಾರು ಹೋಗುವುದು? ನನ್ನ ಕೂಸಿಗೆ ಇನ್ನೂ ಮೈ ಬೆಚ್ಚಗಿತ್ತು. ದೊಡ್ಡವ್ವನಿಗೆ ಫೋನು ಮಾಡಿ ಎಲ್ಲವನ್ನೂ ಹೇಳಿದೆ.

"ನಾ ಹೇಳಿದ್ದೇ ನೀ ಬರದಿ," ಎಂದಳು. "ನಾನೇ ಹೋಗ್ತೀನಿ."

ಸುಮ್ಮನಿದ್ದರೆ ಅವಳ ಮಾತೇ ಗೆಲ್ಲುತ್ತಿತ್ತು, ಹುಮನಾಬಾದಿನವರಿಗೆ ಹೂಂ ಎನ್ನಬಹುದಿತ್ತು. ಅದು ಅವಳಿಗೆ ಹೊಳೆಯಲಿಲ್ಲವೋ, ಹೊಳೆದೂ ಹೊರಟಳೋ, ನಾನು ಕೇಳಿಲ್ಲ. ಗುರುವಾರ ತ್ರಿವೇಣಿ ಕುಳಿತಿದ್ದ ಹೈದರಾಬಾದ್ ಬಸ್ಸು ಕಮಲಾಪುರದಲ್ಲಿ ನಿಂತಾಗ ರೊಟ್ಟಿಯ ಗಂಟು ಹಿಡಿದು ಹತ್ತಿದಳು.

ಮುಂದಿನದು ತ್ರಿವೇಣಿ ಹೇಳಿದ್ದು. ಗೇಟಿನಲ್ಲಿ ಪಟ್ಟಿ ಹಿಡಿದ ಒಬ್ಬಳು ಹೆಸರು ಹುಡುಕಿ, ನೀನು ಐದು ನಾಲ್ಕು ಎಂದು ಬರೆದಿದ್ದೀ, ಸುಳ್ಳು ಬರೆಯುವವರು ನಮಗೆ ಬೇಡ ಎಂದಳಂತೆ. ಹಿಂದೆ ಸಾಲಿನಲ್ಲಿದ್ದ ಹುಡುಗಿಯರು ನಕ್ಕರು. ತ್ರಿವೇಣಿಯ ಭುಜಗಳು ತಾವಾಗಿಯೇ ಮುಂದಕ್ಕೆ ಬಾಗಿದವು. ಆಗ ದೊಡ್ಡವ್ವ ಗಂಟನ್ನು ನೆಲಕ್ಕಿಟ್ಟು ಮುಂದೆ ಬಂದಳು. ಹೆದ್ದಾರಿಯಲ್ಲಿ ಲಾರಿಯವರ ಜೊತೆ ಹಣ್ಣಿನ ರೇಟು ಜಗ್ಗಾಡಿ ಕಲಿತ ಉರ್ದು ಅವಳದು.

"ಬಚ್ಚೀ ಝೂಟ್ ನಹೀಂ ಬೋಲೀ. ಮೈಚ್ ಕಮ್ ಲಿಖಾಯೀ, ಶಾದಿ ಕೇ ವಾಸ್ತೇ. ನಾಪ್ ಕೇ ದೇಖೋ!"

ಮಗಳು ಸುಳ್ಳು ಹೇಳಿಲ್ಲ, ಮದುವೆಗೆಂದು ನಾನೇ ಕಡಿಮೆ ಬರೆಸಿದೆ, ಅಳೆದು ನೋಡಿರಿ. ಇಷ್ಟನ್ನು ಅವಳು ಬೀದಿಗೆಲ್ಲ ಕೇಳುವಂತೆ ಹೇಳಿದಳು. ಆಮೇಲೆ ಮಗಳ ಕಡೆ ತಿರುಗಿ, "ನೆಟ್ಟಗ ನಿಂದ್ರು" ಎಂದಳು. ಹುಟ್ಟಿದಾಗಿನಿಂದ ಅವ್ವನ ಬಾಯಿಂದ ಆ ಮಾತು ಕೇಳಿರಲಿಲ್ಲ ಎಂದು ತ್ರಿವೇಣಿ ಫೋನಿನಲ್ಲಿ ಅತ್ತಳು.

ಅಳೆದರು. ಒಳಗೆ ಬಿಟ್ಟರು. ಸಂಜೆ ಹತ್ತು ಹೆಸರು ಓದಿದಾಗ ಎಂಟನೆಯದು ಅವಳದಾಗಿತ್ತು. ಆದರೆ ಒಂದು ಷರತ್ತಿನ ಮೇಲೆ: ಎರಡು ತಿಂಗಳಲ್ಲಿ ಆರು ಕಿಲೊ ಇಳಿಸಬೇಕು.

ದೊಡ್ಡವ್ವ ಹುಮನಾಬಾದಿನವರಿಗೆ ಬಸ್ಸಿನಿಂದಲೇ ಇಲ್ಲ ಎಂದಳು. ತ್ರಿವೇಣಿ ಈಗ ಹೈದರಾಬಾದಿನ ಹಾಸ್ಟೆಲಿನಲ್ಲಿದ್ದಾಳೆ. ಎರಡು ಶೋ ಆಗಿವೆ. ಒಂದು ಪತ್ರಿಕೆಯ ಮದುವೆ ವಿಶೇಷಾಂಕದಲ್ಲಿ ಪೂರ್ತಿ ಪುಟದ ಫೋಟೊ ಬಂದಿದೆ. ಅದರಲ್ಲಿ ಅವಳ ಕೊರಳ ಎಲುಬುಗಳು ಎದ್ದು ಕಾಣುತ್ತವೆ. ಅದು ಬೆಳಕಿನ ಆಟ ಎಂದು ನಮ್ಮ ಯಜಮಾನರು ಹೇಳುತ್ತಾರೆ.

ಹೋದ ವಾರ ದೊಡ್ಡವ್ವ ಅವಳನ್ನು ನೋಡಿಕೊಂಡು ಬಂದವಳು ನೇರವಾಗಿ ನಮ್ಮ ಮನೆಗೆ ಬಂದಳು. ಒಯ್ದ ಇಪ್ಪತ್ತು ರೊಟ್ಟಿಯಲ್ಲಿ ಹತ್ತೊಂಬತ್ತು ಗಂಟಿನಲ್ಲೇ ಇದ್ದವು.

"ಮುಂಜಾನಿ ಸವತಿಕಾಯಿ, ಸಂಜಿಗಿ ಸವತಿಕಾಯಿ. ನನ್ನ ಮುಂದ ಒಂದ ರೊಟ್ಟಿ ತಿಂದಳು, ನನ್ನ ಸಮಾಧಾನಕ್ಕ. ಆಮ್ಯಾಲ ಮಾರಿ ಸಪ್ಪಗ ಮಾಡಿದಳು." ಸೆರಗಿನಿಂದ ಮೂಗು ಒರೆಸಿಕೊಂಡಳು. "ನೀ ಆ ಕಂಪನಿಯವರಿಗಿ ಇಂಗ್ಲಿಷಿನ್ಯಾಗ ಬರಿ. ದಿನಾ ಎರಡ ರೊಟ್ಟಿ ಉಂಡ್ರ ನಡೀತದೇನು ಅಂತ ಕೇಳು."

ಫೋನು ತೆಗೆದು ಬರೆಯತೊಡಗಿದವಳು ನಿಲ್ಲಿಸಿದೆ. ತ್ರಿವೇಣಿಗೇ ಫೋನು ಮಾಡಿ, ಹೀಗೆ ಬರೆಯಲೇ ಎಂದು ಕೇಳಿದೆ.

"ಬ್ಯಾಡ ಅಕ್ಕಾ," ಎಂದಳು. "ನೀವ್ಯಾರೂ ಬರೀಬ್ಯಾಡ್ರಿ. ನಾನೇ ಕೇಳ್ತೀನಿ."

ಕೇಳಿದಳೋ ಇಲ್ಲವೋ ಇನ್ನೂ ಹೇಳಿಲ್ಲ. ದೊಡ್ಡವ್ವ ದಿನಕ್ಕೆ ಎರಡು ಸಲ ನನಗೆ ಫೋನು ಮಾಡುತ್ತಾಳೆ. ಗೊತ್ತಾದ ಕೂಡಲೇ ಹೇಳುತ್ತೇನೆ ಎನ್ನುತ್ತೇನೆ.