ಅವ್ವನ ಸೆರಗಿಗೆ ಬಂದ ಶುಕ್ರ

ಇವತ್ತು ಮುಂಜಾನೆ ಅಕ್ಕಿಆಲೂರಿನ ಅಕ್ಕನ ಮನೆಯಲ್ಲಿ ನನ್ನ ತಾಟಿಗೆ ಬಿದ್ದ ಬಿಸಿ ಜೋಳದ ರೊಟ್ಟಿಯ ಮೇಲೆ ಒಂದೇ ಒಂದು ಕರಿ ಎಳ್ಳು ಅಂಟಿತ್ತು. ನೀವಾಗಿದ್ದರೆ ಮುರಿದು ತಿನ್ನುತ್ತಿದ್ದಿರಿ. ನಾನು ನೋಡುತ್ತ ಕುಳಿತೆ.

2012ರ ಜೂನ್ 6, ಬುಧವಾರ. ಶುಕ್ರಗ್ರಹ ಸೂರ್ಯನ ಮುಂದೆ ಹಾದುಹೋದ ದಿನ. ಆಗ ನನಗೆ ಹನ್ನೊಂದು ವರ್ಷ. ಸಂತೆಯ ದಿನ ಮಳೆ ಬಂದರೂ ತಾರೀಖು ಹಾಕಿ ಬರೆದಿಡುವ ಹುಚ್ಚು ಆಗಲೇ ಹತ್ತಿತ್ತು. ಅಕ್ಕ ಹೆರಿಗೆಗೆಂದು ಹಾನಗಲ್ಲಿನ ನಮ್ಮ ಮನೆಗೆ ಬಂದಿದ್ದಳು. ಹಿಂದಿನ ಬಸಿರು ಉಳಿದಿರಲಿಲ್ಲ. ಹಾಗಾಗಿ ಅವ್ವ ಇದನ್ನೂ ಗ್ರಹಣವೆಂದೇ ಎಣಿಸಿ, ಅಕ್ಕನನ್ನು ಒಳಗೆ ಕೂರಿಸಿ ಕಿಟಕಿ ಮುಚ್ಚಿದಳು.

“ಗ್ರಹಣ ಅಲ್ಲಬೇ, ಬರೇ ಒಂದು ಚುಕ್ಕಿ,” ಎಂದೆ.

“ಚುಕ್ಕಿ ಆದ್ರೇನ, ಸೂರ್ಯಾಗ ಅಡ್ಡ ಬಂತಿಲ್ಲ? ನೀ ಬೇಕಾದ್ರ ನೋಡ, ಆಕಿ ಬ್ಯಾಡ.”

“ಈಗ ತಪ್ಪಿದ್ರ ನನ್ನ ಜನ್ಮದಾಗ ಮತ್ತ ಬರಂಗಿಲ್ಲಬೇ,” ಎಂದು ಅಕ್ಕ ಗೋಡೆಯತ್ತ ತಿರುಗಿದಳು.

ವಿಜ್ಞಾನದ ಸರ್ ಕೊಟ್ಟಿದ್ದ ದುರ್ಬೀನು ನನ್ನ ಬಳಿ ಇತ್ತು. ಅದಕ್ಕೆ ಕಣ್ಣಿಡಬಾರದು, ಸೂರ್ಯನತ್ತ ತಿರುಗಿಸಿ, ಹಿಂದೆ ಬೀಳುವ ಬೆಳಕನ್ನು ಬಟ್ಟೆಯ ಮೇಲೆ ಹಿಡಿಯಬೇಕು. ಕಿಟಕಿಯ ಸಂದಿಯಲ್ಲಿ ಅದನ್ನಿಟ್ಟೆ. ಅವ್ವ ಬಹಳ ಹೊತ್ತು ಅಕ್ಕನ ಬೆನ್ನನ್ನೇ ನೋಡಿದಳು. ಆಮೇಲೆ ದುರ್ಬೀನಿಗೂ ಅಕ್ಕನಿಗೂ ನಡುವೆ ಬಂದು ಕುಳಿತು, ತೊಳೆದು ತೊಳೆದು ಬೆಳ್ಳಗಾದ ತನ್ನ ಸೆರಗನ್ನು ಚಾಚಿದಳು.

“ಬೀಳೂದಿದ್ರ ನನ್ನ ಮ್ಯಾಲ ಬೀಳ್ಲಿ.”

ಹೊರಗೆ ಸೂರ್ಯನಿಗೆ ಮೋಡ ಕವಿದಿತ್ತು, ಬೇಗ ಸರಿಯಲಿಲ್ಲ. ಕತ್ತಲೆಯಲ್ಲಿ ಮೂವರೂ ಕಾಯುತ್ತ ಕುಳಿತೆವು. ಕೊನೆಗೆ ಸೂರ್ಯ ಸೆರಗಿಗೆ ಇಳಿದ, ಪೂರಿಯಷ್ಟು ಗುಂಡಗೆ. ಅಂಚಿನ ಬಳಿ ಸಾಸಿವೆ ಕಾಳಿನಷ್ಟು ಶುಕ್ರ. ಅವ್ವ ಉಸಿರಾಡಿದರೆ ಸೂರ್ಯ ಅಲುಗುತ್ತಿದ್ದ.

“ಅಯ್ಯ ಶಿವನ, ಇದಕ್ಕೇನ ನಾ ಅಂಜಿದ್ದು! ಕೂಸಿನ ಗಲ್ಲಕ್ಕ ದೃಷ್ಟಿಬೊಟ್ಟ ಇಟ್ಟಂಗ ಐತಿ,” ಎಂದಳು ಅವ್ವ. ಕತ್ತು ತಿರುಗಿಸಿ ಅಕ್ಕನಿಗೆ, “ಬಾರವಾ, ನೀನೂ ನೋಡ ಬಾ.”

ಅಕ್ಕ ಅವ್ವನ ಹೆಗಲಿಗೆ ಗದ್ದ ಊರಿ ನೋಡಿದಳು. ಅವಳ ಹೊಟ್ಟೆ ಅವ್ವನ ಬೆನ್ನಿಗೆ ತಾಗಿತ್ತು. ಯಾರೂ ಸರಿದು ಕೂರಲಿಲ್ಲ.

“ಚಿಗವ್ವಾ, ರೊಟ್ಟಿ ಆರಾಕತ್ತೈತಿ. ಏನ್ ಅದನ್ನ ನೋಡಕೋತ ಕುಂತಿ?” ಆ ವರ್ಷ ಸೆಪ್ಟೆಂಬರಿನಲ್ಲಿ ಹುಟ್ಟಿದ ಅಕ್ಕನ ಮಗಳು ಈಗ ನನ್ನ ಎದುರು ಕುಳಿತು ಕೇಳಿದಳು. ಎಲ್ಲವನ್ನೂ ಹೇಳಿದೆ.

“ಮತ್ತ ಯಾವಾಗ ಬರತೈತಿ?”

“ನಿನಗ ನೂರಾ ಐದು ತುಂಬಿದ ಮ್ಯಾಲ.”

“ಇರ್ತೇನಿ ಬಿಡ. ತಾರೀಖ ಬರದ್ ಕೊಡ.”

ಇಷ್ಟು ವರ್ಷ ನಾನು ಕಳೆದುಹೋದ ದಿನಗಳನ್ನಷ್ಟೇ ಬರೆದವಳು. ನಾನಿರದ ಒಂದು ದಿನವನ್ನು ಇವತ್ತು ಮೊದಲ ಸಲ ಬರೆದೆ: 2117ರ ಡಿಸೆಂಬರ್ 11, ಮುಂಜಾನೆ. ಆ ತಿಂಗಳು ನಮ್ಮ ಕಡೆ ಆಕಾಶ ತಿಳಿಯಾಗಿರುತ್ತದೆ.