ಸೆಕೆಂಡಿಗೆ ಆರೇ ಚಿತ್ರ

ಅರ್ಧ ನಿಮಿಷದ ಕಾರ್ಟೂನ್ ಜಾಹೀರಾತಿಗೆ ನಾನು ಕೊಟ್ಟದ್ದು ಒಂಬತ್ತು ಸಾವಿರ. ಕೇಳಿದ್ದು ಹದಿನೆಂಟು. ಬಿತ್ತನೆ ಶುಂಠಿ ಮಾರುವವನಿಗೆ ಅಷ್ಟಾದರೂ ಇಳಿಸಲು ಬರಬೇಡವೇ?

ಕೇಳಿದವಳು ಹೊಳೆನರಸೀಪುರದ ಹೆಣ್ಣುಮಗಳು. ತನ್ನದೇ ಎಂಟು ನಿಮಿಷದ ಕಾರ್ಟೂನ್ ಸಿನಿಮಾಕ್ಕೆ ಮೂರು ವರ್ಷದಿಂದ ಒಬ್ಬಳೇ ಕೂತು ಚಿತ್ರ ಬಿಡಿಸುತ್ತಿದ್ದಾಳೆ. ಶುಂಠಿಯಾಗಿದ್ದರೆ ಮೂರು ಬೆಳೆ ಬರುತ್ತಿತ್ತು! ಆ ಸಿನಿಮಾದ ಖರ್ಚಿಗೆಂದು ಇಂಥ ಜಾಹೀರಾತು ಮಾಡುತ್ತಾಳೆ. ಗೊಂಬೆ ಸರಾಗವಾಗಿ ನಡೆಯಲು ಸೆಕೆಂಡಿಗೆ ಹನ್ನೆರಡು ಚಿತ್ರ ಬೇಕು, ಅದಕ್ಕೇ ಅಷ್ಟು ಬೆಲೆ ಎಂದಳು.

"ಆರೇ ಹಾಕಮ್ಮ, ಯಾರ್ ಕುಂತ್ಕಂಡ್ ಎಣಿಸ್ತಾರೆ?" ಎಂದೆ.

"ಆಯ್ತು ಸಾ. ಆದ್ರೆ ಕೊನೇಲಿ ನನ್ನೆಸ್ರು ಹಾಕ್ಬೇಡಿ."

ಅದೂ ಲಾಭವೆಂದು ಬೀಗಿ, ಆ ಜಾಗಕ್ಕೆ ನನ್ನ ಫೋಟೊ ಹಾಕಿಸಿದೆ.

ಅರಕಲಗೂಡಿನ ನನ್ನ ಅಂಗಡಿಯ ಟೀವಿಯಲ್ಲಿ ಜಾಹೀರಾತು ಹಾಕಿದ ದಿನ, ಬೀಜಕ್ಕೆ ಬಂದಿದ್ದ ರಾಮನಾಥಪುರದ ರೈತರೊಬ್ಬರು ನಿಂತು ನೋಡಿದರು. ಪರದೆಯಲ್ಲಿ ಶುಂಠಿ ಮೂಟೆ ಹೊತ್ತವನು ಗಕ್ಕನೆ ನಿಲ್ಲುತ್ತಿದ್ದ, ಗಕ್ಕನೆ ನೆಗೆಯುತ್ತಿದ್ದ.

"ಏನ್ ಸಾ, ನಿಮ್ ಶುಂಠಿ ಮೂಟೆ ಒತ್ರೆ ಇಂಗ್ ಕುಂಟ್ಬೇಕಾ?" ಎಂದು ನಕ್ಕು, ಬೀಜ ಕೊಳ್ಳಲು ಎದುರಂಗಡಿಗೆ ಹೋದರು. ಕೊನೆಯಲ್ಲಿ ಟೀವಿ ತುಂಬ ನನ್ನ ಮುಖವೇ.

ನನ್ನಂಥ ಅತಿಜಾಣರಿಗೆ ಇದು ಬೇಕಿತ್ತು. ನೀವು ಚೌಕಾಶಿ ಮಾಡಿ, ತಪ್ಪಿಲ್ಲ. ಆದರೆ ಕೆಲಸ ಮಾಡುವವರು ತಮ್ಮ ಹೆಸರೇ ಬೇಡ ಎಂದರೆ, ತೆಪ್ಪಗೆ ಮೊದಲು ಕೇಳಿದ ಬೆಲೆಯನ್ನೇ ಕೊಟ್ಟುಬಿಡಿ.